ತಂತಿ ತಂತಿಗೆ ತಾಗಿತ್ತು

ತುಮಕೂರಿನ ಬಸ್ ಸ್ಟ್ಯಾಂಡಿನ ಹಿಂದೆ ಒಂದು ಬೀಡಾ ಅಂಗಡಿಯಿದೆ. ಸಿಗರೇಟು ಸುತ್ತಿಕೊಳ್ಳುವ ತೆಳ್ಳನೆಯ ಕಾಗದ ಅಲ್ಲಿ ಸಿಗುತ್ತದೆ. ನನ್ನ ಕೆಲಸಕ್ಕೆ ಆ ಕಾಗದ ಬೇಕು. ಸೇದುವುದಕ್ಕಲ್ಲ, ಕೂದಲಿನಷ್ಟು ಸಣ್ಣ ತಂತಿಗಳು ಒಂದಕ್ಕೊಂದು ತಾಗದಂತೆ ನಡುವೆ ಇಡುವುದಕ್ಕೆ. ದೊಡ್ಡ ದೊಡ್ಡ ದೇಶಗಳ ಪ್ರಯೋಗಾಲಯಗಳಲ್ಲೂ ಅದನ್ನೇ ಬಳಸುತ್ತಾರೆ. ಅಷ್ಟು ತೆಳ್ಳಗಿದ್ದು, ಅಷ್ಟು ಅಗ್ಗಕ್ಕೆ ಸಿಗುವಂಥದ್ದು ಬೇರೆ ಇಲ್ಲ. ಆದರೆ ಇದನ್ನೆಲ್ಲ ಬೀಡಾ ಅಂಗಡಿಯ ಮುಂದೆ ನಿಂತು ಯಾರಿಗೆ ವಿವರಿಸುವುದು?

ನಮ್ಮ ಕಾಲೇಜಿನ ಲ್ಯಾಬಿನಲ್ಲಿ ಅಟೆಂಡರ್ ಒಬ್ಬರಿದ್ದರು. ಅವರಿದ್ದಷ್ಟು ಕಾಲ ಕಾಗದ ಅವರೇ ತಂದುಕೊಡುತ್ತಿದ್ದರು. ಅವರು ರಿಟೈರ್ ಆದರು, ಸ್ವಲ್ಪ ದಿನಕ್ಕೆ ಪ್ಯಾಕೆಟ್ಟೂ ಮುಗಿಯಿತು. ನಾನೇ ಹೋದೆ. ಅಂಗಡಿಯ ಮುಂದೆ ನನ್ನ ಕ್ಲಾಸಿನ ಹುಡುಗರು ಟೀ ಕುಡಿಯುತ್ತಾ ನಿಂತಿದ್ದರು. ನನ್ನನ್ನು ಕಂಡು ಒಬ್ಬ ಕೈಯಲ್ಲಿದ್ದುದನ್ನು ಬೆನ್ನ ಹಿಂದೆ ಬಚ್ಚಿಟ್ಟುಕೊಂಡ. “ಏನ್ ಕೊಡ್ಲಿ ಮೇಡಂ?” ಅಂದ ಅಂಗಡಿಯವನು. ಕಡಲೆ ಮಿಠಾಯಿ ಕೊಡಪ್ಪ ಅಂದೆ. ಇನ್ನೊಂದು ದಿನ ಹೋದಾಗಲೂ ಹೀಗೇ ಆಯಿತು, ಮತ್ತೆ ಕಡಲೆ ಮಿಠಾಯಿ ತಂದೆ. ಆನ್‌ಲೈನಿನಲ್ಲಿ ತರಿಸಬಹುದಿತ್ತಲ್ಲ ಎಂದು ನನ್ನ ಗಂಡ ಕೇಳುತ್ತಾರೆ. ಆ ಪಾರ್ಸೆಲ್ಲು ಕಾಲೇಜಿನ ಆಫೀಸಿಗೆ ಬಂದು, ಅಲ್ಲಿರುವವರು ಅದರ ಮೇಲಿನ ಚಿತ್ರ ನೋಡಿ, ಬೇಡಪ್ಪ. ಕಾಗದ ಇಲ್ಲದೆಯೇ, ತಂತಿಗಳಿಗೆ ವಾರ್ನಿಷ್ ಮಾತ್ರ ಬಳಿದು ಕೆಲಸ ಮುಂದುವರಿಸಿದೆ. ಮುಂದೆ ಆದ ಅನಾಹುತಕ್ಕೆಲ್ಲ ಇದೇ ಮೂಲ. ಆದರೆ ಇಂದಿಗೂ ನನ್ನನ್ನು ತಲೆತಗ್ಗಿಸುವಂತೆ ಮಾಡುವುದು ಆ ಅನಾಹುತ ಅಲ್ಲ, ಅದನ್ನು ನಾನು ಬರೆದುಕೊಂಡ ರೀತಿ.

ನಾನು ಹುಟ್ಟಿದ್ದು ಗುಬ್ಬಿ ತಾಲ್ಲೂಕಿನ ಕಡಬದಲ್ಲಿ. ತೆಂಗಿನ ತೋಟವನ್ನು ಅಣ್ಣ ನೋಡಿಕೊಂಡ, ನಾನು ಓದಿಕೊಂಡೆ. ಓದಿ ಓದಿ ಕೊನೆಗೆ ಹಿಡಿದದ್ದು ಅತಿವಾಹಕತೆ. ಯಾವ ತಂತಿಯಲ್ಲಿ ಕರೆಂಟು ಹರಿದರೂ ಅಷ್ಟಿಷ್ಟು ತಡೆ ಇದ್ದೇ ಇರುತ್ತದೆ. ಆ ತಡೆಯಿಂದ ತಂತಿ ಬಿಸಿಯಾಗುತ್ತದೆ, ಕರೆಂಟು ದಾರಿಯಲ್ಲೇ ಪೋಲಾಗುತ್ತದೆ. ಆದರೆ ಕೆಲವು ವಸ್ತುಗಳನ್ನು ವಿಪರೀತ ತಣ್ಣಗೆ ಮಾಡಿದರೆ ಒಂದು ಹಂತದಲ್ಲಿ ಆ ತಡೆ ಹೇಳಹೆಸರಿಲ್ಲದಂತೆ ಹೋಗಿಬಿಡುತ್ತದೆ. ಕಡಿಮೆಯಾಗುವುದಲ್ಲ, ಇಲ್ಲವೇ ಆಗುತ್ತದೆ. ಕಷ್ಟ ಇರುವುದು ಆ ತಣ್ಣಗೆ ಮಾಡುವುದರಲ್ಲಿ. ಅಷ್ಟೊಂದು ತಣ್ಣಗಾಗದೆಯೇ ಈ ಗುಣ ತೋರಿಸುವ ವಸ್ತು ಸಿಕ್ಕೀತೇ ಎಂದು ಲೋಕದ ಎಷ್ಟೋ ಜನ ಹುಡುಕುತ್ತಿದ್ದಾರೆ. ಅವರ ಸಾಲಿನ ಕಟ್ಟಕಡೆಯಲ್ಲಿ, ಸೋರುವ ಕೋಣೆಯೊಂದರಲ್ಲಿ ನಾನೂ ಇದ್ದೆ.

ತಣ್ಣಗೆ ಮಾಡಲು ಬೇಕಾದ ದ್ರವ ಸಾರಜನಕ ಬೆಂಗಳೂರಿನಿಂದ ಹಾಲಿನ ಕ್ಯಾನಿನಂಥ ಡಬ್ಬಿಯಲ್ಲಿ ಬರುತ್ತದೆ. ಒಮ್ಮೆ ಆ ಡಬ್ಬಿಯನ್ನು ನಮ್ಮೂರಿನ ಶಾಲೆಗೆ ತೆಗೆದುಕೊಂಡು ಹೋಗಿದ್ದೆ. ಅತಿವಾಹಕದ ಬಿಲ್ಲೆಯ ಮೇಲೆ ಅಯಸ್ಕಾಂತ ಗಾಳಿಯಲ್ಲಿ ತೇಲುವುದನ್ನು ತೋರಿಸಬೇಕೆಂದು ಆಸೆ. ಮುಚ್ಚಳ ತೆಗೆದು ಬಿಳಿ ಹೊಗೆ ಎದ್ದದ್ದೇ ತಡ, ಹಿಂದಿನಿಂದ ಒಬ್ಬ ಅಜ್ಜಿ, “ಇದು ದನಕ್ಕೆ ಗಬ್ಬದ ಇಂಜೆಕ್ಸನ್ ಕೊಡೋರು ತರೋ ಕ್ಯಾನ್ ಅಲ್ವೇನವ್ವ?” ಅಂದಳು. ಹೌದು, ಅದೇ ಕ್ಯಾನು, ಅದೇ ದ್ರವ. ಹೋರಿಯ ವೀರ್ಯವನ್ನು ಕೆಡದಂತೆ ಇಡುವುದೂ ಅದರಲ್ಲೇ. ಶಾಲೆಯೆಲ್ಲ ಗೊಳ್ಳೆಂದು ನಕ್ಕಿತು. ಆ ಇಂಜೆಕ್ಷನ್ ಕೊಡುತ್ತಿದ್ದ ಪಶು ಆಸ್ಪತ್ರೆಯ ಇನ್ಸ್‌ಪೆಕ್ಟರು ಕೂಡ ಅಲ್ಲೇ ಇದ್ದರು. ಅವರು ಮಾತ್ರ ನಗಲಿಲ್ಲ. “ನನ್ ಕ್ಯಾನ್‌ನಿಂದ ಕರ ಬರುತ್ತೆ, ಮೇಡಂ ಕ್ಯಾನ್‌ನಿಂದ ಕರೆಂಟ್ ಬರುತ್ತೆ, ಸುಮ್ಕೆ ನೋಡ್ರಲಾ” ಎಂದು ಎಲ್ಲರನ್ನೂ ಗದರಿಸಿದರು. ನನಗಂತೂ ಭೂಮಿ ಬಾಯಿಬಿಡಬಾರದೇ ಅನಿಸಿತ್ತು. ಇಷ್ಟು ಓದಿ ಕೊನೆಗೆ ಹೋರಿಯ ಪಕ್ಕಕ್ಕೆ ಬಂದು ನಿಂತೆನಲ್ಲ ಎಂದು.

ನನ್ನ ಸ್ವಭಾವವೇ ಹಾಗೆ. ಯಾರಾದರೂ ನಕ್ಕರೆ ನನ್ನನ್ನು ನೋಡಿಯೇ ನಕ್ಕರು ಅನಿಸುತ್ತದೆ. ಬೆಂಗಳೂರಿನ ಸಮ್ಮೇಳನಗಳಲ್ಲಿ ಊಟದ ತಟ್ಟೆ ಹಿಡಿದು ನಿಂತಾಗ, “ಓ, ತುಮಕೂರಿನಲ್ಲೂ ಲೋ ಟೆಂಪರೇಚರ್ ಲ್ಯಾಬ್ ಇದೆಯಾ?” ಎಂದು ಯಾರೋ ಒಳ್ಳೆಯ ಮನಸ್ಸಿನಿಂದಲೇ ಕೇಳುತ್ತಾರೆ. ಆ ಪ್ರಶ್ನೆ ಮನೆಯವರೆಗೂ ನನ್ನ ಜೊತೆ ಬಸ್ಸಿನಲ್ಲಿ ಬರುತ್ತದೆ. ಇದಕ್ಕೆಲ್ಲ ಸೇಡು ತೀರಿಸಿಕೊಳ್ಳುವ ಜಾಗ ಎಂದರೆ ಒಂದು ಸ್ಥಳೀಯ ಪತ್ರಿಕೆಯ ಅಂಕಣ. ಅತಿವಾಹಕತೆಯನ್ನು ಕನ್ನಡದಲ್ಲಿ, ಮನೆಮಾತಿನ ಹಾಗೆ ಬರೆಯುತ್ತಿದ್ದೆ. ನನ್ನ ಸಂಶೋಧನೆಯ ಪೇಪರುಗಳನ್ನು ಓದಿದವರು ಬೆರಳೆಣಿಕೆಯಷ್ಟು. ಅಂಕಣವನ್ನು ಕ್ಯಾತ್ಸಂದ್ರದ ಹೋಟೆಲಿನಲ್ಲಿ ಇಡ್ಲಿ ತಿನ್ನುತ್ತಾ ಓದುವವರನ್ನು ನಾನೇ ಕಣ್ಣಾರೆ ಕಂಡಿದ್ದೇನೆ.

ವಾರ್ನಿಷ್ ಬಳಿದ ಆ ತಂತಿಗಳ ಕಾಲದಲ್ಲಿ ಒಂದು ಹೊಸ ಬಿಲ್ಲೆ ಮಾಡಿದ್ದೆ. ಕಪ್ಪಗೆ, ಹುಣಸೆ ಬೀಜದಷ್ಟು ದೊಡ್ಡದು. ಅದಕ್ಕೆ ನಾಲ್ಕು ತಂತಿ ಅಂಟಿಸುತ್ತೇವೆ. ಎರಡರಲ್ಲಿ ಕರೆಂಟು ಬಿಡುವುದು, ಇನ್ನೆರಡರ ನಡುವೆ ವೋಲ್ಟೇಜ್ ನೋಡುವುದು. ತಣ್ಣಗಾಗುತ್ತಾ ಹೋದಂತೆ ಆ ವೋಲ್ಟೇಜ್ ಪೂರ್ತಿ ಸೊನ್ನೆಯಾದರೆ ತಡೆ ಇಲ್ಲವಾಯಿತು ಎಂದು ಅರ್ಥ. ಅದು ಸೊನ್ನೆಯಾಯಿತು. ಯಾರೂ ಕನಸಿನಲ್ಲೂ ಕಾಣದಷ್ಟು ಮೊದಲೇ, ಇನ್ನೂ ಅಷ್ಟೇನೂ ತಣ್ಣಗಾಗದಿರುವಾಗಲೇ ಆಯಿತು. ಬಿಸಿ ಮಾಡಿ ಮತ್ತೆ ತಣ್ಣಗೆ ಮಾಡಿದೆ. ಮತ್ತೆ ಅದೇ ಜಾಗದಲ್ಲಿ ಸೊನ್ನೆ. ನಿಜವಾದ ಅತಿವಾಹಕ ಅಯಸ್ಕಾಂತವನ್ನು ದೂರ ತಳ್ಳಬೇಕು. ಅದನ್ನೂ ಅಳೆದು ನೋಡದೆ ಬಾಯಿ ಬಿಡಬಾರದು ಎಂದು ನನ್ನ ವಿದ್ಯಾರ್ಥಿಗಳಿಗೆ ನಾನೇ ಪಾಠ ಹೇಳಿದ್ದೇನೆ. ಆ ಅಳತೆಯ ಯಂತ್ರಕ್ಕೆ ಬೆಂಗಳೂರಿನಲ್ಲಿ ಸರದಿ ಕಾಯಬೇಕಿತ್ತು. ನಾನು ಕಾಯಲಿಲ್ಲ. ಲೇಖನ ಬರೆದು ಎಲ್ಲರೂ ನೋಡಲಿ ಎಂದು ಇಂಟರ್ನೆಟ್ಟಿಗೆ ಹಾಕಿದೆ. ಅಂಕಣದಲ್ಲಿ ‘ನಮ್ಮ ಸೋರುವ ಕೋಣೆಯಲ್ಲಿ ಕಂಡದ್ದು’ ಎಂದು ಬರೆದೆ. ಆ ಊಟದ ತಟ್ಟೆಯವರೆಲ್ಲ ಓದಬೇಕು ಎಂಬುದೊಂದೇ ನನ್ನ ತಲೆಯಲ್ಲಿದ್ದದ್ದು.

ಅವರು ಓದಿದರೋ ಇಲ್ಲವೋ ಗೊತ್ತಿಲ್ಲ. ನನ್ನ ಅಣ್ಣ ಓದಿದ.

ಅಣ್ಣ ಗುಬ್ಬಿಯಲ್ಲಿ ಕೊಬ್ಬರಿ ವ್ಯಾಪಾರ ಮಾಡುತ್ತಾನೆ. ಸಂತೆಯ ದಿನ ಅವನ ಅಂಗಡಿಗೆ ಬಂದವರಿಗೆಲ್ಲ ಪೇಪರ್ ತೋರಿಸಿದ. ತೆಂಗು ಬೆಳೆಗಾರರೆಲ್ಲ ಸೇರಿ ಸನ್ಮಾನ ಇಟ್ಟುಕೊಂಡರು. ಇನ್ಸ್‌ಪೆಕ್ಟರು ಆಗಷ್ಟೇ ರಿಟೈರ್ ಆಗಿದ್ದರಿಂದ ಅವರಿಗೂ ಅದೇ ವೇದಿಕೆಯಲ್ಲಿ ಆಗಲಿ ಎಂದರು. ಅಧ್ಯಕ್ಷತೆ ನನಗೂ ಅಣ್ಣನಿಗೂ ಪಾಠ ಹೇಳಿದ್ದ ಹಳೆಯ ಹೆಡ್‌ಮೇಷ್ಟ್ರದು. ಫ್ಲೆಕ್ಸಿನ ಫೋಟೋ ಅಣ್ಣ ನನಗೆ ಫೋನಿಗೆ ಕಳಿಸಿದ. ನನ್ನ ತಲೆಯ ಹಿಂದೆ ದೊಡ್ಡದೊಂದು ಮಿಂಚು ಹೊಡೆಯುತ್ತಿತ್ತು.

“ಮಿಂಚು ಯಾಕಣ್ಣ ಹಾಕ್ಸಿದ್ದೀಯ?” ಎಂದು ಕೇಳಿದೆ.

“ಕರೆಂಟ್ ಅಂದ್ರೆ ಮಿಂಚು ಹಾಕ್ಸ್ದೆ ಇನ್ನೇನ್ ಹಾಕ್ಸನವ್ವ, ಐಸ್ ಕ್ಯಾಂಡಿನಾ?”

ಸನ್ಮಾನ ಭಾನುವಾರ. ಹಿಂದಿನ ದಿನ ಮಧ್ಯಾಹ್ನ, ಎಲ್ಲರಿಗೂ ತೋರಿಸಲು ಒಂದು ಚೆಂದದ ಫೋಟೋ ಇರಲಿ ಎಂದು ಬಿಲ್ಲೆಯನ್ನು ಮೈಕ್ರೋಸ್ಕೋಪಿನ ಕೆಳಗೆ ಇಟ್ಟೆ. ವಾರ್ನಿಷ್ ಬಿರುಕುಬಿಟ್ಟಿತ್ತು. ವೋಲ್ಟೇಜ್ ನೋಡುವ ಎರಡು ತಂತಿಗಳೂ ಅಕ್ಕಪಕ್ಕ ಬರಿಮೈಯಲ್ಲಿದ್ದವು. ತಣ್ಣಗಾದಾಗ ಎಲ್ಲವೂ ಕುಗ್ಗುತ್ತದೆ. ಕುಗ್ಗಿ ಆ ಎರಡು ತಂತಿಗಳು ಒಂದಕ್ಕೊಂದು ತಾಗಿದರೆ ಮೀಟರು ಸೊನ್ನೆ ತೋರಿಸದೆ ಇನ್ನೇನು ತೋರಿಸುತ್ತದೆ? ದುಪಟ್ಟಾ ಸರಿಪಡಿಸಿಕೊಂಡು ಸೀದಾ ಬೀಡಾ ಅಂಗಡಿಗೆ ಹೋದೆ. ಹುಡುಗರು ಅಲ್ಲೇ ಇದ್ದರು. “ಸಿಗರೇಟ್ ಸುತ್ತೋ ಪೇಪರ್ ಕೊಡಪ್ಪ” ಅಂದೆ. ಕೊಟ್ಟ. ಯಾರೂ ಏನೂ ಅನ್ನಲಿಲ್ಲ. ಇಷ್ಟೇ ಇದ್ದದ್ದು. ಬಂದು ನಡುವೆ ಕಾಗದ ಇಟ್ಟು ತಣ್ಣಗೆ ಮಾಡಿದೆ. ತಡೆ ಎಲ್ಲೂ ಹೋಗಲಿಲ್ಲ, ಎಲ್ಲ ಸಾಮಾನ್ಯ ಬಿಲ್ಲೆಗಳ ಹಾಗೆ ಕೊನೆಯವರೆಗೂ ಜೊತೆಗೇ ಇತ್ತು. ಅಲ್ಲೇ ಕುಳಿತು ಇಂಟರ್ನೆಟ್ಟಿನ ಲೇಖನವನ್ನು ವಾಪಸು ತೆಗೆದುಕೊಳ್ಳುತ್ತಿರುವುದಾಗಿ ಬರೆದು ಕಳಿಸಿದೆ. ಗುಬ್ಬಿಯನ್ನು ವಾಪಸು ತೆಗೆದುಕೊಳ್ಳುವುದು ಹೇಗೆಂದು ಮಾತ್ರ ತಿಳಿಯಲಿಲ್ಲ.

ಅಣ್ಣನಿಗೆ ಫೋನ್ ಮಾಡಿದರೆ ಅಡುಗೆಯವರ ಜೊತೆ ಜಗಳದಲ್ಲಿದ್ದ. ಬೆಳಿಗ್ಗೆ ಬೇಗ ಹೋಗಿ ಹೇಳೋಣವೆಂದು ಹೊರಟರೆ, ಸಮುದಾಯ ಭವನದ ಬಾಗಿಲಲ್ಲೇ ಹೂವಿನ ಹಾರ ಹಿಡಿದು ಹತ್ತಾರು ಜನ ಕಾಯುತ್ತಿದ್ದರು. “ಅಣ್ಣ, ಒಂದ್ ಮಾತು” ಎಂದೆ. “ಆಮೇಲ್ ಮಾತಾಡನ ಬಾರವ್ವ, ಮೇಷ್ಟ್ರು ಕಾಯ್ತಾವ್ರೆ” ಎಂದು ಕೈಹಿಡಿದು ವೇದಿಕೆಗೆ ಹತ್ತಿಸಿಬಿಟ್ಟ. ಹೊಸ ಪಂಚೆ ಉಟ್ಟಿದ್ದ. ಅವನನ್ನು ಅಷ್ಟು ಸಂತೋಷವಾಗಿ ನಾನು ಅವನ ಮದುವೆಯಲ್ಲೂ ನೋಡಿರಲಿಲ್ಲ.

ನಮ್ಮ ಕಡೆ ಸನ್ಮಾನ ಮಾಡಿಸಿಕೊಳ್ಳುವುದಕ್ಕೊಂದು ರಿವಾಜು ಇದೆ. ಹೊಗಳುವವರು ಹೊಗಳುತ್ತಾರೆ, ಹೊಗಳಿಸಿಕೊಂಡವರು ಎದ್ದು, ನನ್ನದೇನೂ ಇಲ್ಲ, ನಾನು ಇದಕ್ಕೆ ಅರ್ಹನಲ್ಲ, ಎಲ್ಲ ನಿಮ್ಮ ಆಶೀರ್ವಾದ ಎನ್ನುತ್ತಾರೆ. ಹಾಗೆ ಅನ್ನದವನಿಗೆ ಸೊಕ್ಕು ಎಂದು ಅರ್ಥ. ನನಗಿಂತ ಮೊದಲು ಮಾತಾಡಿದ ಇನ್ಸ್‌ಪೆಕ್ಟರೂ ಹಾಗೇ ಅಂದರು. ತಾಲ್ಲೂಕಿನ ಅರ್ಧ ದನಗಳು ಅವರ ಕೈಯಿಂದ ಹುಟ್ಟಿದ್ದರೂ, “ನಂದೇನೈತೆ ಸ್ವಾಮಿ ಇದ್ರಲ್ಲಿ” ಅಂದರು. ಜನ ನಕ್ಕು ಚಪ್ಪಾಳೆ ಹೊಡೆದರು.

ನನ್ನ ಸರದಿ ಬಂತು. ಮೈಕು ಹಿಡಿದುಕೊಂಡೆ. “ಪೇಪರಿನಲ್ಲಿ ಬಂದದ್ದು ತಪ್ಪು. ನಾನೇ ತಪ್ಪು ಬರೆದೆ. ಅಳತೆ ಮಾಡುವಾಗ ತಂತಿ ತಂತಿಗೆ ತಾಗಿತ್ತು. ನಾನು ಅದನ್ನೇ ದೊಡ್ಡ ಶೋಧನೆ ಅಂದುಕೊಂಡುಬಿಟ್ಟೆ. ನಾನು ಏನನ್ನೂ ಕಂಡುಹಿಡಿದಿಲ್ಲ. ಈ ಸನ್ಮಾನಕ್ಕೆ ನಾನು ಅರ್ಹಳಲ್ಲ.” ಇನ್ನೂ ಏನೋ ಹೇಳಬೇಕಿತ್ತು, ಗಂಟಲು ಕಟ್ಟಿತು. ಸಭೆ ಗಪ್‌ಚಿಪ್ ಆಯಿತು. ಆಮೇಲೆ ವೇದಿಕೆಯ ಮೇಲಿನಿಂದಲೇ ಯಾರೋ ಚಪ್ಪಾಳೆ ಹೊಡೆದರು, ಅದನ್ನು ಕೇಳಿ ಮುಂದಿನ ಸಾಲು ಹೊಡೆಯಿತು, ಕೊನೆಗೆ ಬಾಗಿಲಲ್ಲಿ ನಿಂತಿದ್ದ ಅಡುಗೆಯವರೂ ಹೊಡೆದರು. ಇನ್ಸ್‌ಪೆಕ್ಟರಿಗೆ ಬಿದ್ದದ್ದಕ್ಕಿಂತ ಜೋರು. ಮೇಷ್ಟ್ರು ಮೈಕು ತೆಗೆದುಕೊಂಡು, “ಹೀಗೆ ಹೇಳಕ್ಕೆ ಎಷ್ಟ್ ಜನಕ್ಕೆ ಮನಸ್ಸು ಬರುತ್ತೆ ಹೇಳಿ. ಶಾಲು ಹೊದಿಸ್ರಪ್ಪ” ಅಂದರು. ಶಾಲು ಹೊದಿಸಿದರು, ತಲೆಗೆ ಪೇಟ ಇಟ್ಟರು, ಮಡಿಲಿಗೆ ಹಣ್ಣಿನ ಬುಟ್ಟಿ ಕೊಟ್ಟರು. ಪಾಪದ ದನದ ಹಾಗೆ ತಲೆಯೊಡ್ಡಿ ನಿಂತಿದ್ದೆ. ಹೋಳಿಗೆ ಊಟದಲ್ಲಿ ಎಲ್ಲರೂ ಬಂದು ಮಾತಾಡಿಸಿದರು. ತಂತಿಯ ವಿಷಯ ಒಬ್ಬರೂ ಎತ್ತಲಿಲ್ಲ. ಅಣ್ಣನೂ ಎತ್ತಲಿಲ್ಲ. ಹಾಗಾದರೆ ಯಾರಿಗೂ ತಿಳಿಯಲಿಲ್ಲ, ನಾನು ತಪ್ಪೊಪ್ಪಿಕೊಂಡದ್ದನ್ನೂ ಆ ರಿವಾಜಿನ ಮಾತೆಂದೇ ತಿಳಿದರು ಎಂದುಕೊಂಡೆ.

ಮೊದಲು ಅಳು ಬಂತು. ಎರಡು ದಿನ ಕಳೆದ ಮೇಲೆ ನಗು ಬಂತು. ಅಂಕಣದಲ್ಲಿ ತಪ್ಪನ್ನು ತಿದ್ದಲೇಬೇಕಿತ್ತು. ಬರಿದೇ ತಪ್ಪಾಯಿತು ಎಂದು ಬರೆದರೆ ನಾನೊಬ್ಬಳೇ ನಗೆಪಾಟಲಾಗುತ್ತೇನೆ. ಅದರ ಬದಲು ‘ನಾನು ಅರ್ಹಳಲ್ಲ’ ಎಂದು ತಲೆಬರಹ ಕೊಟ್ಟು ಸನ್ಮಾನದ ಕತೆಯನ್ನೇ ಬರೆದೆ. ತಂತಿ ತಾಗಿದ್ದಕ್ಕೆ ಒಂದು ಪ್ಯಾರಾ, ಉಳಿದದ್ದೆಲ್ಲ ಗುಬ್ಬಿಯ ಸಭೆ. ತಪ್ಪೊಪ್ಪಿಕೊಂಡವಳಿಗೆ ಪೇಟ ಇಟ್ಟವರು, ಹೊಗೆ ಬಂದರೆ ಹೋರಿಯನ್ನು ನೆನೆಯುವವರು, ಏನು ಹೇಳಿದರೂ ಚಪ್ಪಾಳೆ ಹೊಡೆಯುವವರು. ಅದರಲ್ಲಿ ಒಂದು ಸಾಲಿತ್ತು. ಅತಿವಾಹಕದಲ್ಲಿ ಕರೆಂಟು ಯಾವ ತಡೆಯೂ ಇಲ್ಲದೆ ಹಾದುಹೋಗುವ ಹಾಗೆ ನನ್ನ ಮಾತು ಆ ಸಭೆಯ ತಲೆಗಳನ್ನು ಎಲ್ಲೂ ತಾಗದೆ ಹಾದುಹೋಯಿತು ಎಂದು. ಆ ಸಾಲು ಹೊಳೆದಾಗ ನಾನೇ ನನ್ನ ಬೆನ್ನು ತಟ್ಟಿಕೊಂಡಿದ್ದೆ.

ನಾನು ಬರೆದದ್ದರಲ್ಲೆಲ್ಲ ಜನ ಹೆಚ್ಚು ಮೆಚ್ಚಿದ್ದು ಅದನ್ನೇ. ಕಾಲೇಜಿನ ಸ್ಟಾಫ್ ರೂಮಿನಲ್ಲಿ ಹೇಳಿ ನಗಿಸಿದೆ. ಬೆಂಗಳೂರಿನ ಸಮ್ಮೇಳನದಲ್ಲಿ, ಅದೇ ಊಟದ ತಟ್ಟೆಯ ಮುಂದೆ, ಇಂಗ್ಲಿಷಿನಲ್ಲಿ ಹೇಳಿ ನಗಿಸಿದೆ. ತಂತಿ ತಾಗಿದ ಅವಮಾನ ಹೀಗೆ ನಗುವಿನಲ್ಲಿ ಕೊಚ್ಚಿಹೋಯಿತು, ನಗುವೆಲ್ಲ ಗುಬ್ಬಿಯವರ ಪಾಲಾಯಿತು. ತುಮಕೂರಿನ ಒಬ್ಬ ಪ್ರಕಾಶಕರು ಅಂಕಣಗಳನ್ನು ಪುಸ್ತಕ ಮಾಡುತ್ತೇನೆಂದು ಬಂದರು. ಆ ಬರಹ ಮೊದಲಿಗೇ ಇರಲಿ ಎಂದರು.

ಈ ಮಧ್ಯೆ ಅಣ್ಣನ ಮಗಳಿಗೆ ಕುಣಿಗಲ್ಲಿನಲ್ಲಿ ಸಂಬಂಧ ಕೂಡಿಬಂತು. ಹುಡುಗ ಹುಡುಗಿ ಒಪ್ಪಿದ್ದರು, ನಮ್ಮ ಕಡೆಯವರು ಗಂಡಿನ ಮನೆ ನೋಡಿಕೊಂಡು ಬರುವ ಶಾಸ್ತ್ರ ಬಾಕಿ ಇತ್ತು. ಇಂಥದ್ದಕ್ಕೆ ಊರಿನ ಹಿರಿಯರನ್ನು ಕರೆದೊಯ್ಯುವುದು ವಾಡಿಕೆ. ಅಣ್ಣ ಮೇಷ್ಟ್ರನ್ನೂ ಇನ್ಸ್‌ಪೆಕ್ಟರನ್ನೂ ಕರೆದ. ಅವರು ಬೇರೆ ಗಾಡಿಯಲ್ಲಿ, ನಾನು ಅಣ್ಣ ಅತ್ತಿಗೆಯ ಜೊತೆ ಕಾರಿನಲ್ಲಿ ಹೋದೆವು. ದೊಡ್ಡಕೆರೆಯ ಕಡೆಗೆ ಕಿಟಕಿಯಿದ್ದ ತಂಪಾದ ಮನೆ. ಹುಡುಗನ ತಂದೆ ಗೊಬ್ಬರದ ಅಂಗಡಿ ಇಟ್ಟವರು, ಬಾಯ್ತುಂಬ ಮಾತು. ಚಕ್ಕುಲಿ, ಕೇಸರಿಬಾತು ಬಂತು. ನನ್ನ ಪರಿಚಯ ಹೇಳಿದ್ದೇ ತಡ ಅವರು ಎದ್ದು ನಿಂತರು.

“ಅಯ್ಯೋ, ಪೇಪರ್‌ನಲ್ಲಿ ಬರೆಯೋ ಮೇಡಂ ನೀವೇನಾ? ನಿಮ್ದೊಂದ್ ಬಿಡಲ್ಲ ನಾನು. ಆ ಗುಬ್ಬಿ ಸನ್ಮಾನದ್ದು ಬರ್ದಿದ್ರಲ್ಲ, ನಕ್ಕೂ ನಕ್ಕೂ ಹೊಟ್ಟೆ ಹುಣ್ಣಾಗೋಯ್ತು ಕಣ್ರೀ. ಅದೇನದು, ಹ್ಞಾಂ, ಮಾತು ತಲೆಗೆ ಎಲ್ಲೂ ತಾಗದೆ ಹಾದುಹೋಯ್ತು!” ಎಂದು ತೊಡೆ ತಟ್ಟಿಕೊಂಡು, ನಮ್ಮ ಕಡೆ ತಿರುಗಿ, “ಆ ಸಭೇಲಿ ನೀವ್ಯಾರಾದ್ರೂ ಇದ್ರಾ?” ಎಂದು ಕೇಳಿದರು.

ಮೇಷ್ಟ್ರು ಚಕ್ಕುಲಿ ಮುರಿಯುತ್ತಿದ್ದವರು ಹಾಗೇ ಕೈಯಲ್ಲಿ ಹಿಡಿದುಕೊಂಡರು. ಇನ್ಸ್‌ಪೆಕ್ಟರು ಕಾಫಿ ಲೋಟದೊಳಗೆ ನೋಡಿದರು. ಮಗಳನ್ನು ಕೊಡುವ ಮನೆಯಲ್ಲಿ, ಬೀಗರಾಗುವವರ ಎದುರಿಗೆ, ಅಣ್ಣನ ಮಾನವನ್ನು ನಾನು ಪೇಪರಿನಲ್ಲಿ ಕಟ್ಟಿ ಮೊದಲೇ ಕಳಿಸಿಬಿಟ್ಟಿದ್ದೆ.

ಅಣ್ಣ ಜೋರಾಗಿ ನಕ್ಕ. “ಇದ್ದೆ ಕಣ್ರೀ, ನಾನೇ ಮಾಡ್ಸಿದ್ದು. ನಮ್ ಕಡೆಯವ್ರು ಹಂಗೇ. ಊಟ ಚೆನ್ನಾಗಿದ್ರೆ ಸಾಕು, ಯಾರಿಗ್ ಬೇಕಾದ್ರೂ ಚಪ್ಪಾಳೆ ಹೊಡಿತೀವಿ.”

“ನಂಗಂತೂ ವಯಸ್ಸಾಯ್ತು, ಕಿವೀನೂ ಅಷ್ಟಕ್ಕಷ್ಟೇ” ಎಂದು ಮೇಷ್ಟ್ರು ದನಿಗೂಡಿಸಿದರು. ಎಲ್ಲರೂ ನಕ್ಕರು. ಮಾತು ಮದುವೆ ಛತ್ರದ ಕಡೆಗೆ ಹೊರಳಿತು. ಮೇಷ್ಟ್ರ ಕಿವಿ ಸೂಜಿ ಬಿದ್ದರೂ ಕೇಳಿಸುವಷ್ಟು ಚುರುಕು ಎಂದು ಅವರ ಕ್ಲಾಸಿನಲ್ಲಿ ಕೂತ ನನಗೆ ಗೊತ್ತಿಲ್ಲವೇ?

ವಾಪಸು ಬರುವಾಗ ಅತ್ತಿಗೆ ಹಿಂದಿನ ಸೀಟಿನಲ್ಲಿ ನಿದ್ದೆಹೋದಳು. ಕಾರು ಹೆಬ್ಬೂರು ದಾಟಿತು. ಕೊನೆಗೆ ಕೇಳಿದೆ.

“ಅಣ್ಣ, ನೀನು ಅದನ್ನ ಓದಿದ್ಯಾ?”

“ನೀನ್ ಬರೆಯೋದನ್ನ ನಾನು ಯಾವ್ದು ಬಿಟ್ಟಿದೀನವ್ವ?”

“ಊರಲ್ಲಿ?”

“ಎಲ್ರೂ ಓದಿದ್ರು. ಮೇಷ್ಟ್ರು ಓದಿದ್ರು. ಇನ್ಸ್‌ಪೆಕ್ಟ್ರು ನಮ್ ಅಂಗ್ಡೀಲೇ ಕೂತ್ಕಂಡು ಓದಿದ್ರು. ಅವಳ್ಗೆ ಯಾರೂ ಏನೂ ಕೇಳಕ್ಕೋಗ್ಬೇಡಿ ಅಂತ ನಾನೇ ಹೇಳಿದ್ದೆ.”

ರಸ್ತೆ ನೋಡುತ್ತಾ ಗಾಡಿ ಓಡಿಸುತ್ತಿದ್ದ. ಅವನ ದನಿಯಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದಿದ್ದರೆ ನನಗೆ ಎಷ್ಟೋ ಹಗುರವಾಗುತ್ತಿತ್ತು.

“ಆವತ್ತು ನಾನು ಹೇಳಿದ್ದು ನಿಂಗೆ ಅರ್ಥ ಆಗಿತ್ತಾ?” ಎಂದೆ.

“ತಂತಿ ತಂತಿಗೆ ತಾಗಿತ್ತು ಅಂದೆ. ಮನೆಗೊಂದು ಪಂಪ್‌ಸೆಟ್ ಇಟ್ಕಂಡಿರೋ ಜನ ಕಣವ್ವ. ಅದ್ರಲ್ಲಿ ಅರ್ಥ ಆಗ್ದೇ ಇರಕ್ಕೆ ಏನೈತೆ?”

“ಮತ್ತೆ ಚಪ್ಪಾಳೆ?”

“ನೀನು ಅಳಕ್ಕೆ ಸುರು ಮಾಡ್ತಿದ್ದೆ. ತುಟಿ ಅದುರ್ತಿತ್ತು. ನಾನು ಎದ್ದು ಬರನಾ ಅಂತಿದ್ದೆ, ಅಷ್ಟ್ರಲ್ಲಿ ನಿನ್ ಪಕ್ದಲ್ಲಿದ್ದ ಇನ್ಸ್‌ಪೆಕ್ಟ್ರು ಚಪ್ಪಾಳೆ ಹೊಡುದ್ರು. ಒಳ್ಳೆ ಕೆಲ್ಸ ಮಾಡುದ್ರು ಅಂತ ನಾವೂ ಹೊಡುದ್ವಿ. ಮನೆ ಮಗಳು ಅಷ್ಟ್ ಜನದ್ ಮುಂದೆ ಅಳ್ತಾ ನಿಂತ್ರೆ ಇನ್ನೇನ್ ಮಾಡ್ತಾರೆ? ಆಮೇಲೆ ಊಟದಲ್ಲಿ ಆ ಸುದ್ದಿ ಯಾರೂ ಎತ್ಬಾರ್ದು ಅಂತ ಮೇಷ್ಟ್ರು ಎಲ್ರಿಗೂ ಹೇಳಿದ್ರು.”

ಅಂದರೆ ಆ ಸಭೆಯಲ್ಲಿ ಏನೂ ಅರ್ಥವಾಗದೆ ನಿಂತಿದ್ದವಳು ನಾನೊಬ್ಬಳೇ. ಅವರು ನನ್ನ ಮಾನ ಮುಚ್ಚಲು ಹೊಡೆದ ಚಪ್ಪಾಳೆಯನ್ನು ನಾನು ಅವರ ದಡ್ಡತನ ಎಂದುಕೊಂಡೆ. ಅಂದುಕೊಂಡು ಸುಮ್ಮನಿದ್ದರೂ ಆಗುತ್ತಿತ್ತು, ಅದನ್ನು ಚೆಂದ ಮಾಡಿ ಅಚ್ಚುಹಾಕಿಸಿದೆ. ಅಷ್ಟಾದರೂ ಅವರು ನನ್ನ ಮುಂದೆ ಒಂದು ಮಾತು ಆಡಲಿಲ್ಲ. ಇವತ್ತು ಕುಣಿಗಲ್ಲಿನ ಆ ಮನೆಯಲ್ಲಿ, ಮತ್ತೊಮ್ಮೆ ನನ್ನ ಸಲುವಾಗಿ, ತಾವೇ ದಡ್ಡರಾಗಿ ಕೂತರು. ಪ್ರಯೋಗದಲ್ಲಿ ತಪ್ಪುವುದು ಎಲ್ಲರಿಗೂ ಇರುವುದೇ, ನನಗೆ ಅದರ ನಾಚಿಕೆ ಈಗ ಉಳಿದಿಲ್ಲ. ಇದು ಬೇರೆ. ಮೀಟರಿನ ಸೊನ್ನೆಯನ್ನಾದರೂ ಮತ್ತೆ ಮತ್ತೆ ಅಳೆದು ನೋಡಿದ್ದೆ. ನನ್ನ ಜನರ ವಿಷಯದಲ್ಲಿ ಒಂದು ಸಲವೂ ಕೇಳಿ ನೋಡದೆ ತೀರ್ಮಾನ ಬರೆದುಬಿಟ್ಟೆ.

“ನನ್ನಿಂದ ತಪ್ಪಾಯ್ತಣ್ಣ” ಎಂದೆ. ಅಳು ಬಂತು.

“ಬುಡವ್ವ ಅತ್ಲಾಗೆ. ಚೆನ್ನಾಗೇ ಬರ್ದಿದ್ದೆ. ನಂಗೂ ಒಂದ್ಕಡೆ ನಗು ಬಂತು” ಎಂದ. ಎಲ್ಲಿ ಎಂದು ನಾನು ಕೇಳಲಿಲ್ಲ, ಅವನು ಹೇಳಲೂ ಇಲ್ಲ. ಸ್ವಲ್ಪ ದೂರ ಹೋದ ಮೇಲೆ, “ಅದೇನೋ ಬುಕ್ ಮಾಡ್ತಾವ್ರಂತಲ್ಲ. ಬಿಡುಗಡೆ ನಮ್ ಗುಬ್ಬೀಲೇ ಇಟ್ಕಳನ. ಅದೇ ಹಾಲ್ ಕೇಳಿದೀನಿ. ಊಟದ್ದು ನನ್ಗೆ ಬುಡು” ಅಂದ.

ಆಗಲಿ ಅಂದೆ. ಮರುದಿನ ಪ್ರಕಾಶಕರಿಗೆ ಫೋನ್ ಮಾಡಿ ಆ ಬರಹ ತೆಗೆಯಿರಿ ಎಂದೆ. ಅದೇ ಅಲ್ಲವೇ ಮೇಡಂ ಎಲ್ಲಕ್ಕಿಂತ ಚೆನ್ನಾಗಿರುವುದು ಎಂದು ಅವರು ಗೋಗರೆದರು. ಅದರ ಬದಲಿಗೆ ಇದನ್ನು ಹಾಕಿ ಎಂದು ಈಗ ಬರೆಯುತ್ತಿದ್ದೇನೆ. ಇದರಲ್ಲಿ ನಗಿಸುವಂಥದ್ದು ಕಡಿಮೆ, ಅದಕ್ಕೆ ಅವರು ಕ್ಷಮಿಸಬೇಕು.

ಬಿಡುಗಡೆಯ ದಿನ ಆ ಸಭೆಯ ಮುಂದೆ ನಿಂತು ಓದುವುದೂ ಇದನ್ನೇ. ಮೇಷ್ಟ್ರು ಇರುತ್ತಾರೆ, ಇನ್ಸ್‌ಪೆಕ್ಟರು ಇರುತ್ತಾರೆ, ಅಣ್ಣ ಹೊಸ ಪಂಚೆ ಉಟ್ಟುಕೊಂಡು ಬಾಗಿಲಿಗೂ ಅಡುಗೆಮನೆಗೂ ಓಡಾಡುತ್ತಿರುತ್ತಾನೆ. ಓದುತ್ತಾ ಓದುತ್ತಾ ಇಲ್ಲಿಗೆ ಬರುವಷ್ಟರಲ್ಲಿ ನನ್ನ ಗಂಟಲು ಕಟ್ಟುತ್ತದೆ, ನನ್ನನ್ನು ನಾನು ಬಲ್ಲೆ. ಆಗ ಯಾರಾದರೊಬ್ಬರು ಚಪ್ಪಾಳೆ ಶುರುಮಾಡುತ್ತಾರೆ, ಉಳಿದವರೂ ಹೊಡೆಯುತ್ತಾರೆ. ಹೊಡೆಯಬೇಡಿ ಎನ್ನುವ ಯೋಗ್ಯತೆ ನನಗಿಲ್ಲ. ಯಾಕೆ ಹೊಡೆಯುತ್ತಿದ್ದಾರೆಂದು ಮಾತ್ರ ಈ ಸಲ ನನಗೆ ಗೊತ್ತಿರುತ್ತದೆ.